ನಾಳೆ ಏಣಿಯೋ, ಕಣವೋ?

ಕೊಡಗಿನ ಸಿದ್ದಾಪುರದ ಕಡೆಯ ಕಾಫಿ ತೋಟವೊಂದರಲ್ಲಿ ನಾನು ರೈಟರ್. ಹಾಜರಿ ಹಾಕಿ, ಯಾರಿಗೆ ಯಾವ ಕೆಲಸ ಎಂದು ಹಂಚುವುದು ನನ್ನ ಪಾಲಿನದು. ತೋಟದಲ್ಲಿ ಕೆಲಸಕ್ಕೂ ಗಂಡು ಹೆಣ್ಣೆಂಬ ಜಾತಿಯುಂಟು. ಮರಗಸಿ ಎಂದರೆ ನೆರಳಿನ ಮರದ ಕೊಂಬೆ ಸವರುವುದು, ಔಷಧಿ ಸಿಂಪಡಣೆ, ಕರಿಮೆಣಸು ಕೊಯ್ಲು ಗಂಡಾಳಿಗೆ. ಉದುರಿದ ಕಾಫಿ ಹೆಕ್ಕುವುದು, ಕಣದಲ್ಲಿ ಕಸ ಆರಿಸುವುದು ಹೆಣ್ಣಾಳಿಗೆ.

ಮೆಣಸಿನ ಬಳ್ಳಿ ಹಬ್ಬಿರುವುದು ಸಿಲ್ವರ್ ಓಕ್ ಮರಕ್ಕೆ. ನೆಟ್ಟಗೆ ಮೇಲೇರುವ ಮರ. ಏಣಿ ಒರಗಿಸಿ, ಕಾಂಡಕ್ಕೆ ಹಗ್ಗದಲ್ಲಿ ಬಿಗಿದು, ಸೊಂಟಕ್ಕೆ ಚೀಲ ಕಟ್ಟಿಕೊಂಡು ಹತ್ತಬೇಕು. ಅಲ್ಯೂಮಿನಿಯಂ ಏಣಿ ವಿದ್ಯುತ್ ತಂತಿಗೆ ತಗುಲಿ ಜನ ಸತ್ತ ಸುದ್ದಿ ಕೊಡಗಿನಲ್ಲಿ ಹೊಸದಲ್ಲ. ಇಷ್ಟಿದ್ದೂ ‘ನನಗೆ ಭಯ’ ಎಂದ ಒಬ್ಬ ಗಂಡಾಳನ್ನೂ ನಾನು ಕಂಡಿರಲಿಲ್ಲ. ಹೇಳುತ್ತಿದ್ದುದೆಲ್ಲ ಸೊಂಟನೋವು. ಕಾಫಿ ಮೂಟೆ ಹೊರುವಾಗ ಅದೇ ಸೊಂಟಕ್ಕೆ ಏನೂ ಆಗಿರುವುದಿಲ್ಲ!

ಒಬ್ಬನಿದ್ದ, ಹೆಸರು ಬೇಡ. ಹಿಂದೆ ಬೇರೆ ತೋಟದಲ್ಲಿ ಏಣಿ ಜಾರಿ ಬಿದ್ದವನು. ಏಣಿಯ ಬುಡದಲ್ಲಿ ನಿಂತು ಚೀಲದ ಗಂಟು ಬಿಚ್ಚುವುದು, ಮತ್ತೆ ಕಟ್ಟುವುದು, ಬೀಡಿ ಹಚ್ಚುವುದು. ಮೇಸ್ತ್ರಿ ಎಲ್ಲರ ಮುಂದೆಯೇ, “ಏನಯ್ಯಾ, ಜನರಲ್ ಕಾರ್ಯಪ್ಪ, ಜನರಲ್ ತಿಮ್ಮಯ್ಯ ಹುಟ್ಟಿದ ನಾಡಿನಲ್ಲಿದ್ದು ಏಣಿಗೆ ಹೆದರುತ್ತೀಯಾ? ಸೀರೆ ಉಟ್ಟುಕೊಂಡು ಬಾ” ಎಂದ. ಹೆಂಗಸರೂ ನಕ್ಕರು. ಅವನು ಹತ್ತಿಯೇಬಿಟ್ಟ. ಅರ್ಧಕ್ಕೆ ಹೋಗಿ ಕಣ್ಣು ಮುಚ್ಚಿ ಮರವನ್ನು ತಬ್ಬಿಕೊಂಡ. ಇಳಿಸಲು ಇನ್ನೊಬ್ಬ ಹತ್ತಬೇಕಾಯಿತು.

ಪಕ್ಕದ ತೋಟದ ನಿವೃತ್ತ ಸುಬೇದಾರರಿಗೆ ಇದನ್ನು ಹೇಳಿದಾಗ ಅವರು ನಗಲಿಲ್ಲ. ಸೈನ್ಯದಲ್ಲಿ ಮೈ ಸರಿಯಿಲ್ಲದವರು ಹೇಳಿಕೊಳ್ಳಲೆಂದೇ ಸಿಕ್ ಪರೇಡ್ ಇರುತ್ತದೆ, ನಿಮ್ಮ ಹಾಜರಿ ಪುಸ್ತಕದಲ್ಲಿ ಅದಕ್ಕೆ ಜಾಗವೆಲ್ಲಿದೆ ಎಂದು ಕೇಳಿದರು.

ಜಾಗ ಮಾಡಿದೆ. ಈಗ ಮೆಣಸಿನ ಕೆಲಸಕ್ಕೆ ಎಲ್ಲರೆದುರು ಹೆಸರು ಕೂಗುವುದಿಲ್ಲ. ಹಿಂದಿನ ಸಂಜೆ ಒಬ್ಬೊಬ್ಬರೇ ಸಿಕ್ಕಾಗ “ನಾಳೆ ಏಣಿಯೋ, ಕಣವೋ?” ಎಂದಷ್ಟೇ ಕೇಳುತ್ತೇನೆ. ಕಾರಣ ಕೇಳುವುದಿಲ್ಲ, ಕೇಳಿದರೆ ಮತ್ತೆ ಸೊಂಟವೇ ನೋಯುತ್ತದೆ. ಕಣ ಎಂದವರಲ್ಲಿ ಆ ದಿನ ಎಲ್ಲರಿಗಿಂತ ಜೋರಾಗಿ ನಕ್ಕಿದ್ದ ಹಳಬನೊಬ್ಬನೂ ಇದ್ದ.

ತೊಡಕು ಮುಗಿದಿಲ್ಲ. ಏಣಿಯ ಕೆಲಸಕ್ಕೆ ಕೂಲಿ ಹೆಚ್ಚು. ಕಣಕ್ಕೆ ಬಂದವನಿಗೆ ವಾರದ ಬಟವಾಡೆಯಲ್ಲಿ ಅಷ್ಟು ಕಡಿಮೆ ಬೀಳುತ್ತದೆ, ಮನೆಯಲ್ಲಿ ಉತ್ತರ ಕೊಡಬೇಕಾಗುತ್ತದೆ. ಅದಕ್ಕೆಂದೇ ಕೆಲವರು ಮತ್ತೆ ‘ಏಣಿ’ ಎನ್ನುತ್ತಾರೆ. ಕಣದ ಕೂಲಿ ಏರಿಸಬೇಕೆಂದು ಮಾಲೀಕರಿಗೆ ಹೇಳಿದ್ದೇನೆ. ಹಾಗಾದರೆ ಏಣಿಗೆ ಜನ ಸಾಲದೆ ಹೊರಗಿನ ಕೊಯ್ಲಿನ ತಂಡ ಕರೆಸಬೇಕಾದೀತು, ಮೊದಲು ಅದಕ್ಕೆ ಎಷ್ಟಾಗುತ್ತದೆ, ಲೆಕ್ಕ ತೋರಿಸಿ ಎಂದಿದ್ದಾರೆ.