ಗೂಂಡಾ ಕಾಯ್ದೆಯಡಿ ಬಂಧನ: ಮನೆಯವರು ಮೊದಲು ಕೇಳಬೇಕಾದ ಕಾಗದಗಳು

ಗೂಂಡಾ ಕಾಯ್ದೆಯಡಿ ಯಾರನ್ನಾದರೂ ಹಿಡಿದೊಯ್ದಾಗ ಮನೆಯವರು ವಕೀಲರ ಬಳಿಗೆ ಓಡಿ ಕೇಳುವುದು ಜಾಮೀನಿನ ವಿಚಾರವನ್ನೇ. ಮುಂದೆ ನಡೆಯಬಹುದಾದ ಕೃತ್ಯವನ್ನು ತಡೆಯಲೆಂದು ಜಿಲ್ಲಾಡಳಿತ ಹೊರಡಿಸುವ ಈ ಆದೇಶಕ್ಕೆ ಜಾಮೀನು ಎಂಬುದೇ ಇಲ್ಲ. 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರಾಗುವ ಹಕ್ಕನ್ನೂ ವಕೀಲರನ್ನು ಇಟ್ಟುಕೊಳ್ಳುವ ಹಕ್ಕನ್ನೂ ಎಲ್ಲರಿಗೂ ಕೊಟ್ಟ ಸಂವಿಧಾನದ 22ನೇ ವಿಧಿಯೇ ಮುನ್ನೆಚ್ಚರಿಕೆ ಬಂಧನದಲ್ಲಿರುವವರನ್ನು ಅದರಿಂದ ಹೊರಗಿಟ್ಟಿದೆ.

ಹಾಗಾಗಿ ಇಲ್ಲಿ ಕಾಗದಪತ್ರಗಳೇ ಬಂಧಿತರ ಬಲ. ಗೂಂಡಾ ಕಾಯ್ದೆ ಎಂದು ಕರೆಯುವ 1985ರ ಕರ್ನಾಟಕದ ಕಾಯ್ದೆಯಂತೆ ಬಂಧನದ ಕಾರಣಗಳನ್ನು ಐದು ದಿನಗಳೊಳಗೆ ತಿಳಿಸಬೇಕು. ಜಿಲ್ಲಾಧಿಕಾರಿಯ ಆದೇಶಕ್ಕೆ 12 ದಿನಗಳೊಳಗೆ ಸರ್ಕಾರದ ಅನುಮೋದನೆ ಸಿಗದಿದ್ದರೆ ಅದು ಬಿದ್ದುಹೋಗುತ್ತದೆ. ಮೂರು ವಾರಗಳೊಳಗೆ ಪ್ರಕರಣ, ಬಂಧನಕ್ಕೆ ಸಾಕಷ್ಟು ಕಾರಣವಿದೆಯೇ ಎಂದು ಪರಿಶೀಲಿಸುವ ಸಲಹಾ ಮಂಡಳಿಯ ಮುಂದೆ ಹೋಗಬೇಕು. ಮಂಡಳಿ ಒಪ್ಪಿದರೆ ಬಂಧನ ಹನ್ನೆರಡು ತಿಂಗಳವರೆಗೂ ನಡೆಯಬಹುದು.

ಕಾರಣಗಳು ಬಂಧಿತನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕೆಂಬುದನ್ನು ನಾನು ಎಲ್ಲಕ್ಕಿಂತ ಮುಖ್ಯವೆಂದು ಭಾವಿಸುತ್ತೇನೆ. ಇಂಗ್ಲಿಷ್ ಬಾರದ ಹರಿಕಿಸನ್ ಎಂಬುವರಿಗೆ ಇಂಗ್ಲಿಷಿನಲ್ಲಿ ಕಾರಣಗಳನ್ನು ಕೊಟ್ಟು, ಬಾಯಿಮಾತಿನಲ್ಲಿ ವಿವರಿಸಿದ್ದು ಸಾಲದೆಂದು ಸುಪ್ರೀಂ ಕೋರ್ಟ್ 1962ರಲ್ಲೇ ಹೇಳಿ ಅವರನ್ನು ಬಿಡುಗಡೆ ಮಾಡಿತು. ಕೊಡವ ತಕ್ಕ್, ಅರೆಭಾಷೆ ಮಾತನಾಡುವ ನಮ್ಮ ಕೊಡಗಿನಲ್ಲಿ ಹೆಚ್ಚಿನವರು ಕನ್ನಡ ಓದಬಲ್ಲರು. ಆದರೆ ಮಲಯಾಳಂ ಮಾತ್ರ ಓದಬಲ್ಲವರಿಗೆ, ಕಾಫಿ ತೋಟದ ಲೈನ್ ಮನೆಗಳಲ್ಲಿರುವ ಅಸ್ಸಾಮಿನ ಕಾರ್ಮಿಕರಿಗೆ ಕನ್ನಡದ ಆದೇಶ ಕೊಟ್ಟು ಸಹಿ ಹಾಕಿಸಿಕೊಂಡರೆ ಆ ಹಕ್ಕು ಅವರನ್ನು ಮುಟ್ಟಿದಂತಾಗುವುದಿಲ್ಲ.

ಇನ್ನೊಂದು ಹಕ್ಕು ಮನವಿ ಸಲ್ಲಿಸುವುದು. ಸಲಹಾ ಮಂಡಳಿಯ ದಿನಾಂಕಕ್ಕೆ ಕಾಯದೆ ಸರ್ಕಾರಕ್ಕೆ ತಕ್ಷಣ ಬರೆಯಬೇಕು, ಏಕೆಂದರೆ ವಿವರಣೆಯಿಲ್ಲದೆ ಮನವಿಯನ್ನು ಕೊಳೆಹಾಕಿದ್ದಕ್ಕೇ ನ್ಯಾಯಾಲಯಗಳು ಎಷ್ಟೋ ಆದೇಶಗಳನ್ನು ರದ್ದುಮಾಡಿವೆ. ಮಂಡಳಿಯ ಮುಂದೆ ವಕೀಲರಿಗೆ ಹಕ್ಕಿನಿಂದ ಪ್ರವೇಶವಿಲ್ಲವೆಂದು ಎ.ಕೆ. ರಾಯ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ 1981ರ ತೀರ್ಪು ಹೇಳಿದೆಯಾದರೂ, ಸರ್ಕಾರ ತನ್ನ ಕಾನೂನು ಸಲಹೆಗಾರರನ್ನು ಕರೆತಂದರೆ ಬಂಧಿತರಿಗೂ ಆ ಅವಕಾಶ ಸಿಗಬೇಕು. ಓದುಬರಹ ಬಾರದ ಕೂಲಿಯವನು ಕಡತದ ವಿರುದ್ಧ ಒಬ್ಬನೇ ವಾದಿಸಬೇಕೆನ್ನುವುದು ನನಗೆ ನ್ಯಾಯವಾಗಿ ಕಾಣುವುದಿಲ್ಲ.

ಆದೇಶದಲ್ಲಿ ಬರೆದಿರುವುದು ಸಾರ್ವಜನಿಕ ಜೀವನವನ್ನೇ ಕದಡುವಂಥದ್ದೇ ಅಥವಾ ಇಬ್ಬರ ನಡುವಿನ ಹೊಡೆದಾಟವೇ ಎಂಬುದನ್ನೂ ಗಮನಿಸಬೇಕು. ಎರಡನೆಯದಕ್ಕೆ ಮಾಮೂಲಿ ಕಾನೂನೇ ಸಾಕು. ಆದೇಶ ತಪ್ಪೆನಿಸಿದರೆ ಬೆಂಗಳೂರಿನ ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ (ಅಕ್ರಮ ಬಂಧನದಿಂದ ಬಿಡಿಸುವಂತೆ ಕೋರುವ ಅರ್ಜಿ) ಹಾಕಬಹುದು. ಬಂಧನದಲ್ಲಿರುವವರಿಗೆ ಆದಾಯ ನೋಡದೆ ಉಚಿತ ಕಾನೂನು ನೆರವು ಕೊಡಬೇಕೆಂದು 1987ರ ಕಾನೂನು ಸೇವೆಗಳ ಕಾಯ್ದೆ ಹೇಳುತ್ತದೆ. ಅದಕ್ಕಾಗಿ ಮಡಿಕೇರಿಯ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಮನೆಯವರೇ ಅರ್ಜಿ ಕೊಡಬಹುದು.