ಉತ್ತರಪತ್ರಿಕೆಯಲ್ಲಿ ಇಲ್ಲದ ಉತ್ತರ

2024 ಅಕ್ಟೋಬರ್ 17, ಗುರುವಾರ

ಇಂದು ಮಗನ ಶಾಲೆಗೆ ಹೋಗಿ ಮುಖ್ಯೋಪಾಧ್ಯಾಯರನ್ನೂ ತರಗತಿ ಶಿಕ್ಷಕಿಯನ್ನೂ ಭೇಟಿಯಾಗಿ ಬಂದೆ. ಅವನಿಗೆ ಡಿಸ್ಲೆಕ್ಸಿಯಾ, ಅಂದರೆ ಓದು-ಬರಹ ಕಲಿಯುವುದರಲ್ಲಿ ಆಗುವ ತೊಡಕು, ಇದೆಯೆಂದು ತಿಳಿಸುವ ತಜ್ಞರ ವರದಿ ಕೈಯಲ್ಲಿದ್ದರೂ, ಮೊದಲು ಅವರ ಮುಂದಿಟ್ಟದ್ದು ಕಳೆದ ವಾರದ ವಿಜ್ಞಾನದ ಉತ್ತರಪತ್ರಿಕೆಯನ್ನು. ನೀರು ಆವಿಯಾಗುವುದು ಹೇಗೆ ಎಂಬ ಪ್ರಶ್ನೆಗೆ ಒಂದೂವರೆ ಸಾಲು ಬರೆದು ನಿಲ್ಲಿಸಿದ್ದಾನೆ. ‘ಸೂರ್ಯ’ ಎಂಬ ಪದವನ್ನು ಮೂರು ಬಾರಿ ಬರೆದು ಮೂರು ಬಾರಿ ಹೊಡೆದುಹಾಕಿದ್ದಾನೆ. ನಾಲಿಗೆಯ ಮೇಲೆ ಮೊದಲು ಬರುವ ರಕಾರ ಕಾಗದದ ಮೇಲೆ ಅರ್ಕಾವೊತ್ತಾಗಿ ಯಕಾರದ ಆಚೆ ಕೂರಬೇಕೆಂಬುದು ಅವನ ಕೈಗೆ ಇನ್ನೂ ಒಲಿದಿಲ್ಲ. ಅದೇ ಪ್ರಶ್ನೆಯನ್ನು ಅಂದು ರಾತ್ರಿ ನಾನು ಬಾಯಲ್ಲಿ ಕೇಳಿದಾಗ, ಒದ್ದೆ ಬಟ್ಟೆ ನೆರಳಿನಲ್ಲಿಯೂ ಏಕೆ ಒಣಗುತ್ತದೆ ಎಂಬುದರವರೆಗೆ ತಡವರಿಸದೆ ವಿವರಿಸಿದ್ದ.

ದಿನಕ್ಕೆ ಎರಡು ಪುಟ ಕಾಪಿ ಬರೆಸಿ ಎಂದು ಶಿಕ್ಷಕಿ ಸಲಹೆ ನೀಡಿದರು. ಅವರ ಕಾಳಜಿಯಲ್ಲಿ ನನಗೆ ಸಂದೇಹವಿಲ್ಲ, ಆದರೆ ಮೂರು ವರ್ಷ ನಾವು ಮಾಡಿದ್ದು ಅದನ್ನೇ. ಡಿಸ್ಲೆಕ್ಸಿಯಾ ಇರುವ ಬಹುತೇಕ ಮಕ್ಕಳಿಗೆ ಪದದೊಳಗಿನ ಧ್ವನಿಗಳನ್ನು ಬಿಡಿಸಿ, ಅವುಗಳನ್ನು ಅಕ್ಷರಗಳಿಗೆ ಹೊಂದಿಸುವುದೇ ಕಷ್ಟ. ಬುದ್ಧಿಗಾಗಲಿ ಶ್ರದ್ಧೆಗಾಗಲಿ ಅದರೊಡನೆ ಸಂಬಂಧವಿಲ್ಲ. ಆ ಹೊಂದಾಣಿಕೆಯನ್ನು ತರಬೇತಿ ಪಡೆದ ಶಿಕ್ಷಕರು ಸಣ್ಣ ಸಣ್ಣ ಹಂತಗಳಲ್ಲಿ, ಕ್ರಮ ತಪ್ಪದೆ, ಕೇಳಿಸಿ, ನುಡಿಸಿ, ಬರೆಸಿ ಕಲಿಸಬೇಕೇ ಹೊರತು, ತಪ್ಪಿದ ಪದವನ್ನು ನೂರು ಸಲ ಬರೆಸಿದರೆ ಕೈ ಸೋಲುತ್ತದೆ, ಅಷ್ಟೆ.

1896ರಲ್ಲಿ ಪ್ರಿಂಗಲ್ ಮಾರ್ಗನ್ ಎಂಬ ಇಂಗ್ಲೆಂಡಿನ ವೈದ್ಯರು ಓದಲಾಗದ 14 ವರ್ಷದ ಚುರುಕು ಹುಡುಗನೊಬ್ಬನ ಬಗ್ಗೆ ವೈದ್ಯಕೀಯ ಪತ್ರಿಕೆಯಲ್ಲಿ ಬರೆದಿದ್ದರು. ಪಾಠವೆಲ್ಲ ಬಾಯಿಮಾತಿನಲ್ಲೇ ನಡೆಯುವುದಾಗಿದ್ದರೆ ಶಾಲೆಗೆಲ್ಲ ಅವನೇ ಜಾಣನಾಗಿರುತ್ತಿದ್ದ ಎಂದು ಅವನ ಶಿಕ್ಷಕರು ಹೇಳಿದ್ದನ್ನು ಅದರಲ್ಲಿ ದಾಖಲಿಸಿದ್ದಾರೆ. ಇದನ್ನು ಅವರಿಬ್ಬರಿಗೆ ಹೇಳುವಾಗ ನನ್ನ ಗಂಟಲು ಕಟ್ಟಿತು. ಅಷ್ಟು ಹಿಂದೆಯೇ ಒಬ್ಬ ಮೇಷ್ಟ್ರಿಗೆ ಕಂಡದ್ದು ಇಂದಿನ ತರಗತಿಯಲ್ಲಿ ಏಕೆ ಕಾಣುತ್ತಿಲ್ಲ?

ನಾನು ಕೇಳಿದ್ದು ದೊಡ್ಡದೇನಲ್ಲ: ಪ್ರಶ್ನೆಯನ್ನು ಓದಿ ಹೇಳುವುದು, ಹೆಚ್ಚುವರಿ ಸಮಯ, ವಿಜ್ಞಾನದ ಉತ್ತರದಲ್ಲಿ ಕಾಗುಣಿತಕ್ಕೆ ಅಂಕ ಕಳೆಯದಿರುವುದು, ಮುನ್ಸೂಚನೆಯಿಲ್ಲದೆ ಎದ್ದು ನಿಂತು ಗಟ್ಟಿಯಾಗಿ ಓದಲು ಹೇಳದಿರುವುದು. ಉಳಿದ ಮಕ್ಕಳಿಗೆ ಇದು ಅನ್ಯಾಯವಲ್ಲವೇ ಎಂದು ಮುಖ್ಯೋಪಾಧ್ಯಾಯರು ಕೇಳಿದರು. ಆವಿಯಾಗುವಿಕೆ ಅವನಿಗೆ ಎಷ್ಟು ತಿಳಿದಿದೆ ಎಂದು ಅಳೆಯಬೇಕಾದ ಪರೀಕ್ಷೆ ಅರ್ಕಾವೊತ್ತನ್ನು ಅಳೆದು ಮುಗಿಸಿದೆ, ಅನ್ಯಾಯ ಅಲ್ಲಿದೆ ಎಂದೆ. ಇನ್ನೊಂದು ವರ್ಷ ಕಾದು ನೋಡೋಣ ಎಂಬ ಅವರ ಮಾತಿಗೆ ಮಾತ್ರ ನಾನು ಒಪ್ಪಲಿಲ್ಲ. ಮಗು ಸೋಲಲಿ, ಆಮೇಲೆ ನೆರವು ಕೊಡೋಣ ಎಂಬುದೇ ಅದರ ಅರ್ಥ. ಪ್ರಾಸ ಗುರುತಿಸುವುದರಲ್ಲಿ, ಅಕ್ಷರದ ಹೆಸರು ಹೇಳುವುದರಲ್ಲಿ ಆಗುವ ತೊಡಕು ಒಂದನೇ ತರಗತಿಯಲ್ಲೇ ಗಮನಕ್ಕೆ ಬರುತ್ತದೆ, ನೆರವೂ ಅಲ್ಲಿಂದಲೇ ಶುರುವಾಗಬೇಕು.

ಮುಂದಿನ ಪರೀಕ್ಷೆಯಲ್ಲಿ ಪ್ರಶ್ನೆ ಓದಿ ಹೇಳಲು ಒಪ್ಪಿದ್ದಾರೆ. ಶಿಕ್ಷಕರ ತರಬೇತಿಯ ಬಗ್ಗೆ ಕೇಳಿದ್ದಕ್ಕೆ ಉತ್ತರ ಸಿಗಲಿಲ್ಲ. ಸೋಮವಾರ ಲಿಖಿತವಾಗಿ ಕೇಳುತ್ತೇನೆ. ಹೊರಡುವಾಗ ಶಿಕ್ಷಕಿ ಆ ಉತ್ತರಪತ್ರಿಕೆಯನ್ನು ತಮ್ಮಲ್ಲಿಯೇ ಇಟ್ಟುಕೊಂಡು, “ನಾಳೆ ಊಟದ ಬಿಡುವಿನಲ್ಲಿ ಅವನು ಇದನ್ನು ನನಗೂ ಬಾಯಲ್ಲಿ ಹೇಳಲಿ” ಎಂದರು.