ಡೆಡೆಕಿಂಡ್ ಮತ್ತು ಕಾಣದ ಅಪವರ್ತನ

6 ಅನ್ನು ಅವಿಭಾಜ್ಯಗಳ ಗುಣಲಬ್ಧವಾಗಿ ಬರೆಯಲು 2 × 3 ಎಂಬ ಒಂದೇ ಬಗೆಯಿದೆ ಎಂದು ಶಾಲೆಯಲ್ಲಿ ಕಲಿತಿರುತ್ತೇವೆ. ಆದರೆ ಅ + ಬ√−5 ರೂಪದ ಸಂಖ್ಯೆಗಳಲ್ಲಿ (ಅ, ಬ ಪೂರ್ಣಾಂಕಗಳು) ಲೆಕ್ಕ ಮಾಡತೊಡಗಿದರೆ, ಅದೇ 6 ಅನ್ನು (1 + √−5)(1 − √−5) ಎಂದೂ ಒಡೆಯಬಹುದು. ಇಂಥ ಪ್ರತಿ ಸಂಖ್ಯೆಗೂ ಅ² + 5ಬ² ಎಂಬ ಅಳತೆ ಕೊಟ್ಟರೆ, ಗುಣಲಬ್ಧದ ಅಳತೆ ಅಪವರ್ತನಗಳ ಅಳತೆಗಳ ಗುಣಲಬ್ಧವೇ ಆಗಿರುತ್ತದೆ. 2, 3, 1 + √−5, 1 − √−5 ಇವುಗಳ ಅಳತೆ ಕ್ರಮವಾಗಿ 4, 9, 6, 6. ಆ ಅಳತೆ ಎಂದೂ 2 ಅಥವಾ 3 ಆಗದ ಕಾರಣ, ಈ ನಾಲ್ಕರಲ್ಲಿ ಯಾವುದನ್ನೂ ಇನ್ನಷ್ಟು ಒಡೆಯಲಾಗದು.

ಇಂಥದೇ ತೊಡಕನ್ನು 1840ರ ದಶಕದಲ್ಲಿ ಎದುರಿಸಿದ ಜರ್ಮನ್ ಗಣಿತಜ್ಞ ಕುಮ್ಮರ್, ಕಣ್ಣಿಗೆ ಕಾಣದ ‘ಆದರ್ಶ ಸಂಖ್ಯೆ’ಗಳನ್ನು ಕಲ್ಪಿಸಿಕೊಂಡು ಕೆಲಸ ಸಾಗಿಸಿದರು. ಅವು ಯಾವುದನ್ನು ಭಾಗಿಸುತ್ತವೆ ಎಂದು ಹೇಳಬಹುದಿತ್ತು. ಅವು ಏನು ಎಂದು ಹೇಳಲಾಗುತ್ತಿರಲಿಲ್ಲ. ಗೌಸ್ ಅವರ ಶಿಷ್ಯ ರಿಚರ್ಡ್ ಡೆಡೆಕಿಂಡ್, ಗಣಿತಜ್ಞ ಡಿರಿಕ್ಲೆ ಅವರ ಸಂಖ್ಯಾಸಿದ್ಧಾಂತದ ಉಪನ್ಯಾಸಗಳಿಗೆ 1871ರಲ್ಲಿ ಬರೆದ ಅನುಬಂಧದಲ್ಲಿ ಪ್ರಶ್ನೆಯನ್ನೇ ತಿರುಗಿಸಿದರು. ಕಾಣದ ಸಂಖ್ಯೆಯನ್ನು ಹುಡುಕುವ ಬದಲು, ಅದು ಭಾಗಿಸಬೇಕಾಗಿದ್ದ ಸಂಖ್ಯೆಗಳನ್ನೆಲ್ಲ ಒಂದು ಗಣವಾಗಿ ಕೂಡಿಸಿ, ಆ ಗಣವನ್ನೇ ಅಪವರ್ತನವೆಂದು ಹಿಡಿದರು. ಇದೇ ಐಡಿಯಲ್. ಮೊದಲ ಓದಿನಲ್ಲಿ ಇದು ನನಗೆ ಜಾಣತನದ ನುಣುಚಾಟದಂತೆ ಕಂಡಿತ್ತು. ಕೈಯಾರೆ ಲೆಕ್ಕ ಮಾಡಿದ ಮೇಲೆಯೇ ಅನುಮಾನ ಕಳೆದದ್ದು.

ಅ, ಬ ಎರಡೂ ಸಮ ಅಥವಾ ಎರಡೂ ಬೆಸವಾಗಿರುವ ಸಂಖ್ಯೆಗಳ ಗಣವನ್ನು ‘ಪ’ ಎನ್ನೋಣ. ಇದರೊಳಗಿನ ಸಂಖ್ಯೆಗಳನ್ನು ಕೂಡಿದರೂ, ಹೊರಗಿನ ಯಾವ ಸಂಖ್ಯೆಯಿಂದ ಗುಣಿಸಿದರೂ, ಫಲ ಒಳಗೇ ಉಳಿಯುತ್ತದೆ. ಹೀಗಿದ್ದೂ ಇದು ಯಾವ ಒಂದೇ ಸಂಖ್ಯೆಯ ಅಪವರ್ತ್ಯಗಳ ಗಣವೂ ಅಲ್ಲ. ಅ − ಬ ಎಂಬುದು 3ರಿಂದ ಭಾಗವಾಗುವಂಥವು ‘ತ’, ಅ + ಬ ಭಾಗವಾಗುವಂಥವು ‘ದ’ ಆಗಲಿ. ಎರಡು ಗಣಗಳ ಗುಣಲಬ್ಧವೆಂದರೆ, ಒಂದರ ಸಂಖ್ಯೆಯನ್ನು ಇನ್ನೊಂದರ ಸಂಖ್ಯೆಯಿಂದ ಗುಣಿಸಿ, ಹಾಗೆ ಬಂದವನ್ನು ಕೂಡಿ ಸಿಗುವ ಎಲ್ಲ ಸಂಖ್ಯೆಗಳ ಗಣ. ಆಗ ಪ × ಪ ಎಂದರೆ 2ರ ಅಪವರ್ತ್ಯಗಳು, ತ × ದ ಎಂದರೆ 3ರವು, ಪ × ತ ಎಂದರೆ 1 + √−5ರವು, ಪ × ದ ಎಂದರೆ 1 − √−5ರವು. 6ರ ಎರಡು ಒಡೆತಗಳೂ ಪ, ಪ, ತ, ದ ಎಂಬ ಅವೇ ನಾಲ್ಕನ್ನು ಬೇರೆ ಬೇರೆ ಜೋಡಿಗಳಾಗಿ ಕಟ್ಟಿದವು, ಅಷ್ಟೆ.

ಗಣಿತಜ್ಞೆ ಎಮ್ಮಿ ನೋಥರ್ 1921ರ ಪ್ರಬಂಧದಲ್ಲಿ ಐಡಿಯಲ್‌ಗಳನ್ನು ಸಂಖ್ಯೆಗಳ ಹಂಗಿನಿಂದ ಬಿಡಿಸಿದರು. ಒಂದನ್ನೊಂದು ಒಳಗೊಳ್ಳುತ್ತ ಬೆಳೆಯುವ ಐಡಿಯಲ್‌ಗಳ ಸರಣಿ ಎಲ್ಲೋ ಒಂದು ಕಡೆ ನಿಂತೇ ನಿಲ್ಲಬೇಕು ಎಂಬ ಒಂದೇ ನಿಬಂಧನೆಯನ್ನು ಇಟ್ಟುಕೊಂಡು, ಪರಿವರ್ತನೀಯ ಬೀಜಗಣಿತಕ್ಕೆ (ಗುಣಾಕಾರದಲ್ಲಿ ಕ್ರಮ ಬದಲಿಸಿದರೂ ಫಲ ಬದಲಾಗದ ವ್ಯವಸ್ಥೆಗಳ ಅಧ್ಯಯನಕ್ಕೆ) ಬುನಾದಿ ಹಾಕಿದರು. ಎರಡು ಚರಾಕ್ಷರಗಳ ಬಹುಪದೋಕ್ತಿಗಳಲ್ಲಿ ಐಡಿಯಲ್‌ಗಳನ್ನು ಗುಣಲಬ್ಧವಾಗಿ ಒಡೆಯುವ ಡೆಡೆಕಿಂಡ್ ಅವರ ವಿಧಾನ ಸೋಲುತ್ತದೆ. ಅಲ್ಲಿ ನೋಥರ್ ಗುಣಲಬ್ಧದ ಜಾಗದಲ್ಲಿ ಛೇದನವನ್ನು, ಅಂದರೆ ಗಣಗಳಿಗೆ ಸಾಮಾನ್ಯವಾದ ಭಾಗವನ್ನು, ತಂದರು.